ಭವ್ಯಶ್ರೀಯ ಗೇಟ್ ಪಾಸ್

ಗಲ್ಫಿನ ಹಮದ್ ಬಂದರಿಗೆ ಬರುವ ಕಂಟೇನರುಗಳ ಕಾಗದಪತ್ರ ನೋಡುವ ಕಚೇರಿಯಲ್ಲಿ ವಾರಿಜಾಕ್ಷಿ ಹದಿನಾಲ್ಕು ವರ್ಷದಿಂದ ಇದ್ದಾಳೆ. ಮೂರು ವರ್ಷದ ಹಿಂದೆ ಸೇರಿದ ಭವ್ಯಶ್ರೀಗೆ ಕೆಲಸ ಕಲಿಸಿದವಳೂ ಅವಳೇ. ಈಗ ಹಡಗುಗಳೆಲ್ಲ ಚೀನಾ ಕಂಪನಿಯವು. ಹುಡುಗಿ ಮೊಬೈಲಿನಲ್ಲೇ ಚೀನೀ ಭಾಷೆ ಕಲಿತಳು. ಸೂಪರ್‌ವೈಸರ್ ಹುದ್ದೆಯ ಸಂದರ್ಶನಕ್ಕೆ ಕರೆ ಬಂದದ್ದು ಅವಳಿಗೆ, ವಾರಿಜಾಕ್ಷಿಗಲ್ಲ.

ಸಂದರ್ಶನ ಭಾನುವಾರ ಬೆಳಿಗ್ಗೆ, ಬಂದರಿನ ಒಳಗೆ. ಪಾಸ್ ಇಲ್ಲದೆ ಗೇಟಿನವರು ಬಿಡುವುದಿಲ್ಲ. ಕಚೇರಿಯವರ ಪಾಸಿಗೆಲ್ಲ ಅರ್ಜಿ ಕಳಿಸುವವಳು ವಾರಿಜಾಕ್ಷಿ. ಗುರುವಾರ ಉಳಿದವರ ಅರ್ಜಿ ಕಳಿಸಿದಳು, ಭವ್ಯಶ್ರೀಯದನ್ನು ಮಾತ್ರ ಕಳಿಸಲಿಲ್ಲ. ಮರೆತೆ ಎಂದರೆ ಯಾರು ಕೇಳುತ್ತಾರೆ?

ಶುಕ್ರವಾರ ಸಂಜೆ ಆ ಚೀನಾ ಕಂಪನಿಯವರು ವೆಸ್ಟ್ ಬೇಯ ಹೋಟೆಲಿನಲ್ಲಿ ಕಚೇರಿಯವರಿಗೆಲ್ಲ ಒಂದು ಚೀನೀ ಸಿನಿಮಾ ತೋರಿಸಿದರು.

"ಅಕ್ಕ, ಇಲ್ಲಿ ಬನ್ನಿ. ನಿಮಗೆ ಸೀಟ್ ಹಿಡಿದಿಟ್ಟಿದ್ದೇನೆ," ಎಂದಳು ಭವ್ಯಶ್ರೀ.

ಸಿನಿಮಾದಲ್ಲಿ ರೇಷ್ಮೆ ಗಿರಣಿಯ ಒಂದು ಊರು. ಊರೇ ಬದಲಾಗುತ್ತಿದೆ, ಗಿರಣಿ ಮುಚ್ಚಲಿದೆ. ಎಳೆಯ ನೇಕಾರ್ತಿಯೊಬ್ಬಳು ನಗರದ ದೊಡ್ಡ ಕೆಲಸಕ್ಕೆ ಆಸೆಪಡುತ್ತಾಳೆ. ಪರೀಕ್ಷೆಯ ದಿನ, ಅವಳಿಗೆ ನೇಯ್ಗೆ ಕಲಿಸಿದ ಹಿರಿಯಳೇ ಒಳ್ಳೆಯ ನೂಲು ತೆಗೆದು ಲಡ್ಡು ಹಿಡಿದದ್ದನ್ನು ಇಡುತ್ತಾಳೆ.

"ಛೆ! ಈ ಹೆಂಗಸಿಗೆ ಎಂತ ಆಗಿದೆ ಅಕ್ಕ?"

"ಸುಮ್ಮನೆ ನೋಡು ಮಾರಾಯ್ತಿ. ನಿನಗೆ ಭಾಷೆ ಬರ್ತದೆ, ನಾನು ಕೆಳಗಿನ ಇಂಗ್ಲಿಷ್ ಓದ್ಬೇಕು."

ಆ ಹೆಂಗಸನ್ನು ಕೊನೆಯವರೆಗೂ ಯಾರೂ ಹಿಡಿಯಲಿಲ್ಲ. ವಾರಿಜಾಕ್ಷಿಯನ್ನು ಕಾಡಿದ್ದು ಅದೇ.

ಮನೆಗೆ ಬಂದು ಎಂದಿನಂತೆ ದೇವಿಯ ಪಟದ ಮುಂದೆ ದೀಪ ಹಚ್ಚಿದಳು. ಕೈ ಮುಗಿದರೆ ಬಾಯಿಗೆ ಬಂದದ್ದು ಒಂದೇ ಮಾತು: "ಅವಳಿಗೆ ಸಿಗಬಾರದು ಅಮ್ಮ."

ತನ್ನ ದನಿ ಕೇಳಿ ತಾನೇ ಬೆಚ್ಚಿದಳು. ದೀಪದ ಮುಂದಿನಿಂದ ಎದ್ದವಳೇ ಪಾಸಿನ ವ್ಯವಹಾರಕ್ಕೆ ಓಡಾಡುವ ಮುಝಮ್ಮಿಲ್‌ಗೆ ಫೋನ್ ಮಾಡಿ ಭವ್ಯಶ್ರೀಗೊಂದು ಪಾಸ್ ಕೇಳಿದಳು.

"ಶುಕ್ರವಾರ ರಜೆ, ಪಾಸ್ ಮಾಫಿ, ಸಿಗೂದೇ ಇಲ್ಲ ಅಕ್ಕ! ಗುರುವಾರ ಎಲ್ಲಿ ಹೋಗಿದ್ರಿ?"

"ಇಲ್ಲೇ ಇದ್ದೆ. ಬೇಕೂಂತ್ಲೇ ಕಳಿಸಲಿಲ್ಲ."



"ಯಲ್ಲಾ, ಆಯ್ತು, ಈಗ ಕಳಿಸಿ. ನಾಳೆ ಯಾರದಾದ್ರೂ ಕಾಲು ಹಿಡೀತೇನೆ."

ಭಾನುವಾರ ಒಂಬತ್ತಕ್ಕೆ ಭವ್ಯಶ್ರೀಯ ಸಂದೇಶ ಬಂತು: "ಗೇಟ್ ದಾಟಿದೆ ಅಕ್ಕ. ನನಗಾಗಿ ದೇವರಲ್ಲಿ ಕೇಳಿಕೊಳ್ಳಿ."

"ಒಳ್ಳೆಯದಾಗಲಿ" ಎಂದು ಬರೆದಳು ವಾರಿಜಾಕ್ಷಿ. ಹೊಟ್ಟೆಕಿಚ್ಚು ಹಾಗೇ ಇತ್ತು. ಅಳಿಸಿದಳು. ಮತ್ತೆ ಬರೆದಳು, ಮತ್ತೆ ಅಳಿಸಿದಳು. ಕೊನೆಗೆ ಕಳಿಸಿದ್ದು ಇಷ್ಟು:

"ಪಾಸ್ ಜಾಗ್ರತೆ. ಸಂಜೆ ವಾಪಸ್ ಕೊಡ್ಬೇಕು."