ಗೂಳಿಗೆ ಹೇಳಿದ ಮಾತು

ಬಾಲ್ತಸಾರನ ಹೆಸರು ಉರ್ಸುಲಾಳ ಕಿವಿಗೆ ಮೊದಲು ಬಿದ್ದದ್ದು ಬಾಸ್ಕೊ ದಡದಲ್ಲಿ, ಊರಿಗೆ ಊರೇ ಒಂದು ಗೂಳಿಗೆ ಕೈಮುಗಿಯುತ್ತಿದ್ದ ದಿನ. ಇಟ್ಬಾಯಾಟ್ ದ್ವೀಪದಿಂದ ಬಂದ ದೋಣಿಯಿಂದ ಅದು ಇಳಿಯಲೊಲ್ಲದು. "ಇಳಿಯೋ ರಾಜ", "ಥೂ, ಇಳಿಯೋ ದರಿದ್ರ" ಎಂದು ಎಲ್ಲರೂ ಗಂಟಲು ಹರಿದುಕೊಂಡರು. ಗೂಳಿ ಮೆಲುಕು ಹಾಕುತ್ತ ನಿಂತಿತ್ತು.

"ಇದರ ಯಜಮಾನ ಎಲ್ಲಿ?"

"ಬಾಲ್ತಸಾರ ಅಂತೆ. ಅಲ್ನೋಡು, ವಾಂತಿ ಮಾಡ್ಕೊಂಡು ದೋಣಿ ತಳದಲ್ಲಿ ಬಿದ್ದವ್ನೆ."

ಬಿದ್ದವನು ಬಾಡಿದ ಮುಖ ಎತ್ತಿ ತನ್ನ ದ್ವೀಪದ ಮಾತಿನಲ್ಲಿ, "ಬಾರೋ ನಮ್ಮಪ್ಪಾ, ಮನಿಗೆ ಹೋಗೂಣು" ಎಂದ. ಗೂಳಿ ಹಾರಿತು, ನೇರ ಉರ್ಸುಲಾಳ ಮೀನಿನ ಬುಟ್ಟಿಯೊಳಕ್ಕೆ. ಮೀನು ಹೋಯಿತು, ಗಂಡ ಸಿಕ್ಕ.

ಮದುವೆಯಾದರೂ ಮಾತು ಮಾತ್ರ ಕೂಡಲಿಲ್ಲ.

"ನಿಮ್ಮೂರ ಮಾತು ಬಾಯೊಳಗೆ ಬೆಣಚುಕಲ್ಲು ಉರುಳಿದಂಗಿರುತ್ತೆ. ನನ್ನ ನಾಲಿಗೆ ಮೇಲೆ ಹತ್ತಿಸಲ್ಲ!"

"ನಿಮ್ದೇನ ಬೆಣ್ಣಿ ಏನ? ಎಳದು ಎಳದು, ಮಾತು ಮುಗಿಯೂದ್ರಾಗ ಗೆಣಸು ಬೇಯತೈತಿ."

ಗೂಳಿ ಸತ್ತು ಅದರ ಮಗ ಬಂತು, ಮೊಮ್ಮಗ ಬಂತು. ಕೊಟ್ಟಿಗೆಯಲ್ಲಿ ಇಟ್ಬಾಯಾಟ್ ಮಾತೇ ನಡೆಯಿತು.

ಬಾಲ್ತಸಾರ ಹಾಸಿಗೆ ಹಿಡಿದ ವರ್ಷ ಕಡಲ ಮೇಲೆ ಬಿರುಗಾಳಿಯ ಮೋಡ ಕಟ್ಟಿತು. ಗೆಣಸು ನೆನೆದು ಕೊಳೆತರೆ ವರ್ಷವಿಡೀ ಉಪವಾಸ. ತುಂಬಿದ ಬಂಡಿ ಎಳೆಯುತ್ತಿದ್ದ ಮೊಮ್ಮಗ ಗೂಳಿ, ಮನೆ ಕಿಟಕಿಯೆದುರಿನ ಏರಿನಲ್ಲೇ ಮಲಗಿಬಿಟ್ಟಿತು. ಉರ್ಸುಲಾ ಬೈದಳು, ಬೇಡಿದಳು, ಬಾಲ ತಿರುವಿದಳು.

ಪಕ್ಕದ ಮನೆಯ ಫ್ರೋಯಿಲಾನ್ ಬೇಲಿಗೆ ಆತು ನಿಂತ. "ಅಕ್ಕಾ, ಭಾವನ ಊರ ಮಾತಾಡಿದ್ರೆ ಹಲ್ಲು ಉದುರುತ್ತಾ?"

"ನಿನ್ನ ಹಲ್ಲು ಮೊದ್ಲು ಉದುರಿಸ್ತೀನಿ, ಅತ್ಲಾಗೆ ತಿರುಗು!"

ತಲೆಯ ಮೇಲಿಂದ ಬೆನ್ನಿಗಿಳಿದ ತಾಳೆನಾರಿನ ವಾಕುಲನ್ನು ಮುಖಕ್ಕೆ ಎಳೆದುಕೊಂಡು, ಗೂಳಿಯ ಕಿವಿಯಲ್ಲಿ ಪಿಸುಗುಟ್ಟಿದಳು. ಗೂಳಿ ಕಿವಿ ಕೊಡವಿತು, ಏಳಲಿಲ್ಲ. ಮಳೆಹನಿ ಮೂಗಿನ ಮೇಲೆ ಬಿತ್ತು. ಇನ್ನೆಂಥ ಮಾನ!

"ಬಾರೋ ನಮ್ಮಪ್ಪಾ, ಮನಿಗೆ ಹೋಗೂಣು!"

ಓಣಿಗೆಲ್ಲ ಕೇಳಿಸಿತು. ಗೂಳಿ ಎದ್ದದ್ದೇ ಓಟ ಕಿತ್ತಿತು. ಬಂಡಿಯ ಹಿಂದೆ ಉರುಳುವ ಗೆಣಸು, ಗೆಣಸಿನ ಹಿಂದೆ ಉರ್ಸುಲಾ, ಅವಳ ಹಿಂದೆ ಹೊಟ್ಟೆ ಹಿಡಿದುಕೊಂಡ ಫ್ರೋಯಿಲಾನ್.

ಗೆಣಸು ಒಳಸೇರುವುದಕ್ಕೂ ಮಳೆ ಹೊಡೆಯುವುದಕ್ಕೂ ಸರಿಹೋಯಿತು. ಹಾಸಿಗೆಯಲ್ಲಿ ಬಾಲ್ತಸಾರ ನಕ್ಕು ನಕ್ಕು ಕೆಮ್ಮುತ್ತಿದ್ದ.

"ನಗು, ನಗು. ನನ್ನ ಮರ್ಯಾದೆ ಬೀದಿಪಾಲಾಯ್ತು."

"ಛಲೋ ಅಂದಿ ಬಿಡು. ಹೋಗೂಣು ಅನ್ನೂದಷ್ಟ ಸ್ವಲ್ಪ ಸೊಟ್ಟ."

"ಗೂಳಿಗೆ ಅರ್ಥ ಆಯ್ತಲ್ಲ, ಸಾಕು."

ಅವನ ನಗು ತಗ್ಗಿತು. ಮಣ್ಣು ಮೆತ್ತಿದ ಅವಳ ಕೈಯನ್ನು ತಡಕಿ ಹಿಡಿದುಕೊಂಡ. ಅವನು ಅವಳನ್ನು ಕೊನೆಯದಾಗಿ ಕೇಳಿದ್ದು ಅದೊಂದೇ:

"ಗೂಳಿಗೆ ಅಂದ್ಯಲ್ಲ, ಅದನ್ನ ನನಗೂ ಒಮ್ಮಿ ಅನ್ನು."