ಕೈಗೆ ಕೊಟ್ಟ ಉಪ್ಪು

ಉಪ್ಪಿನ ಮೂಟೆಗಳನ್ನು ಯಾರೂ ಅಂಗಡಿಯ ಒಳಗಿಡದಿದ್ದ ಕಾಲ ಅದು. ನಮ್ಮ ಪಾಳ್ಯದಲ್ಲಿ ಅವು ಹಗಲೂ ರಾತ್ರಿ ಜಗುಲಿಯ ಮೇಲೇ ಕೂತಿರುತ್ತಿದ್ದವು. ಮಳೆಗಾಲದಲ್ಲಿ ಗೋಣಿ ಒದ್ದೆಯಾಗಿ ಸುತ್ತಲಿನ ಕಲ್ಲು ಬೆಳ್ಳಗಾಗುತ್ತಿತ್ತು. ಹಾದು ಹೋಗುವ ದನಗಳು ಅದನ್ನು ನೆಕ್ಕುತ್ತಿದ್ದವು. ಉಪ್ಪು ಕದಿಯುವವರು ಊರಲ್ಲಿ ಇರಲಿಲ್ಲ. ಕದ್ದರೆ ಏಳು ಜನ್ಮ ಹಲ್ಲಿಯಾಗಿ ಹುಟ್ಟಬೇಕಾಗುತ್ತದೆ ಎಂದು ಅವ್ವ ಹೇಳುತ್ತಿದ್ದಳು.

ಅವ್ವನ ಇನ್ನೊಂದು ಕಟ್ಟಳೆ ಎಂದರೆ ಉಪ್ಪನ್ನು ಕೈಯಿಂದ ಕೈಗೆ ಕೊಡಬಾರದು. ಕೊಟ್ಟರೆ ಜಗಳ ಹುಟ್ಟುತ್ತದೆ, ಇಲ್ಲವೆ ತೆಗೆದುಕೊಂಡವರಿಗೆ ಕೇಡಾಗುತ್ತದೆ. ನೆರೆಮನೆಯವರು ಒಂದು ಹಿಡಿ ಉಪ್ಪು ಕೇಳಿ ಬಂದರೆ ಅವಳು ಬಟ್ಟಲನ್ನು ಹೊಸ್ತಿಲ ಪಕ್ಕದ ಕಲ್ಲಿನ ಮೇಲಿಟ್ಟು ಹಿಂದೆ ಸರಿಯುತ್ತಿದ್ದಳು. ಅವರು ಬಗ್ಗಿ ಎತ್ತಿಕೊಳ್ಳುತ್ತಿದ್ದರು. ಆ ಕಲ್ಲಿಗೆ ನಮ್ಮ ಮನೆಯಲ್ಲಿ ಉಪ್ಪಿನ ಕಲ್ಲು ಎಂದೇ ಹೆಸರು.

ಮಳೆಗಾಲ ಹಿಡಿದರೆ ಅವ್ವನಿಗೆ ಇನ್ನೊಂದು ಕೆಲಸ. ಹಳೆಯ ಸೀರೆ ಹರಿದು, ಒಳಗೆ ಕಲ್ಲುಪ್ಪು ಹಾಕಿ, ನಿಂಬೆಕಾಯಿ ಗಾತ್ರದ ಗಂಟು ಕಟ್ಟುವುದು. ಅದನ್ನು ಸೊಂಟದ ಉಡಿದಾರಕ್ಕೆ ಸಿಕ್ಕಿಸಿಕೊಂಡೇ ನಾವು ಹೊರಗೆ ಹೊರಡುತ್ತಿದ್ದೆವು. ಜಿಗಣೆ ಕಚ್ಚಿದರೆ ಗಂಟನ್ನು ನೀರಿಗೆ ಅದ್ದಿ ಒತ್ತಬೇಕು, ಅದು ಸುರುಟಿಕೊಂಡು ಬೀಳುತ್ತದೆ. ಅವ್ವ ಯಾವಾಗಲೂ ಎರಡು ಗಂಟು ಕಟ್ಟುತ್ತಿದ್ದಳು. ಒಂದು ನನಗೆ, ಇನ್ನೊಂದು ಇಸ್ಮಾಯಿಲನಿಗೆ.

ಇಸ್ಮಾಯಿಲ ಲಾರಿ ಡ್ರೈವರ್ ಕಾಸಿಮ್ ಸಾಬರ ಮಗ. ತಾಯಿ ಇಲ್ಲದ ಹುಡುಗ. ಕಾಸಿಮ್ ಸಾಬರು ಎಸ್ಟೇಟುಗಳ ಕಾಫಿ ತುಂಬಿಕೊಂಡು ಘಾಟಿ ಇಳಿದು ಮಂಗಳೂರಿಗೆ ಹೋಗುತ್ತಿದ್ದರು, ಬರುವಾಗ ಉಪ್ಪು ತರುತ್ತಿದ್ದರು. ಅವರು ಘಾಟಿಯಲ್ಲಿದ್ದ ದಿನಗಳಲ್ಲಿ ಇಸ್ಮಾಯಿಲ ಆಲೂರಿನ ತನ್ನ ಮನೆಗೆ ಹೋಗದೆ ನಮ್ಮಲ್ಲೇ ಉಳಿಯುತ್ತಿದ್ದ. ಇಬ್ಬರೂ ಆಲೂರಿನ ಮಿಡ್ಲ್ ಸ್ಕೂಲಿನಲ್ಲಿ ಒಂದೇ ಬೆಂಚು. ಅವನಿಗೆ ಓದು ಹತ್ತುತ್ತಿರಲಿಲ್ಲ. ಅವನ ತಲೆಯಲ್ಲಿದ್ದದ್ದು ಒಂದೇ, ಅಪ್ಪನ ಹಾಗೆ ಲಾರಿ ಓಡಿಸುವುದು. ಹರಿದ ಜರಡಿಯ ಬಳೆಯೊಂದನ್ನು ಸ್ಟೇರಿಂಗ್ ಮಾಡಿಕೊಂಡು, ಬಾಯಲ್ಲೇ ಗೇರು ಬದಲಿಸುತ್ತಾ ಗದ್ದೆಯ ಬದುವಿನ ಮೇಲೆ ಓಡುತ್ತಿದ್ದ. ನಾನು ಹಿಂದೆ ಕ್ಲೀನರು. ತಿರುವಿನಲ್ಲಿ 'ರೈಟ್, ರೈಟ್' ಎಂದು ಕೂಗುವುದು ನನ್ನ ಕೆಲಸ.

ಆ ವರ್ಷ ವಿಜ್ಞಾನದ ಮೇಷ್ಟ್ರು ಪಾಠ ಮಾಡುವಾಗ, ಕೆಲವು ದೇಶಗಳಲ್ಲಿ ನೆಲದ ಅಡಿಯಲ್ಲಿ ಉಪ್ಪಿನ ಗಣಿ ಇದೆ, ಜನ ಒಳಗಿಳಿದು ಉಪ್ಪನ್ನು ಬಂಡೆಯ ಹಾಗೆ ಒಡೆದು ತರುತ್ತಾರೆ ಎಂದರು. ಮನೆಗೆ ಬಂದು ಹೇಳಿದರೆ ಅವ್ವ ನಕ್ಕಳು.

"ಉಪ್ಪು ನೆಲದಾಗೆ ಸಿಗಾಕೆ ಅದೇನು ಗೆಣಸೇನೋ? ಸಮುದ್ರದಲ್ಲಿ ಹುಟ್ಟಿ ಸಾಬರ ಲಾರೀಲಿ ಬತ್ತದೆ. ನಿಮ್ ಮೇಷ್ಟ್ರನ್ನ ಒಂದ್ಸಲ ಘಾಟಿ ಇಳಿಸು ಅಂತ ಕಾಸಿಮಣ್ಣಂಗೆ ಹೇಳ್ಬೇಕು."

ನಾವು ನಂಬಲಿಲ್ಲವೆಂದು ಮೇಷ್ಟ್ರಿಗೂ ಗೊತ್ತಾಗಿರಬೇಕು. ಉಪ್ಪಿನ ಗಣಿ ತೋರಿಸಲಾರೆ, ಗಣಿ ಎಂದರೇನು ಎಂಬುದನ್ನಾದರೂ ತೋರಿಸುತ್ತೇನೆ ಎಂದು, ನಮ್ಮದೇ ಜಿಲ್ಲೆಯ ಆಚೆ ತುದಿಯಲ್ಲಿ, ಬಯಲು ಸೀಮೆಯ ಕಡೆ ಇದ್ದ ಕರಿಕಲ್ಲಿನಂತೆ ಕಾಣುವ ಕ್ರೋಮ್ ಅದಿರಿನ ಒಂದು ಗಣಿಗೆ ಒಂದು ದಿನದ ಪ್ರವಾಸ ಗೊತ್ತು ಮಾಡಿದರು. ಕಾಸಿಮ್ ಸಾಬರ ಲಾರಿಯೇ ನಮ್ಮ ವಾಹನ.

ಉತ್ತರೆ ಮಳೆ ಹಿಡಿದು ಬಿಡುತ್ತಿದ್ದ ದಿನಗಳು. ಪಾಳ್ಯದ ಕಡೆಯ ಹುಡುಗರನ್ನು ಹತ್ತಿಸಿಕೊಳ್ಳಲು ಬೆಳಿಗ್ಗೆ ಲಾರಿ ನಮ್ಮ ಮನೆಯ ಮುಂದೆಯೇ ಬಂದು ನಿಂತಿತು. ಅವ್ವ ಅಕ್ಕಿರೊಟ್ಟಿಗೆ ಹುಚ್ಚೆಳ್ಳು ಚಟ್ನಿ ಸವರಿ ಬಾಳೆಲೆಯಲ್ಲಿ ಕಟ್ಟಿದ್ದಳು. ನನ್ನ ಗಂಟನ್ನು ಉಪ್ಪಿನ ಕಲ್ಲಿನ ಮೇಲಿಂದ ನಾನು ಎತ್ತಿಕೊಂಡೆ. ಇಸ್ಮಾಯಿಲ ಲಾರಿಯ ಮುಂದಿನ ಸೀಟಿನಲ್ಲಿ ಕೂತಿದ್ದ. ಸಾಬರು ಹಾರನ್ ಒತ್ತುತ್ತಿದ್ದರು, ಹುಡುಗರು ಕಿರುಚುತ್ತಿದ್ದರು. ಅವ್ವ ಅವಸರದಲ್ಲಿ ಓಡಿಹೋಗಿ, ಕಿಟಕಿಯಿಂದ ಚಾಚಿದ ಅವನ ಕೈಗೆ ರೊಟ್ಟಿಯನ್ನೂ ಉಪ್ಪಿನ ಗಂಟನ್ನೂ ಇಟ್ಟುಬಿಟ್ಟಳು. ಕೊಟ್ಟ ಮೇಲೆ ಅವಳಿಗೇ ನೆನಪಾಗಿ ಕೈ ಹಿಂದೆಗೆದುಕೊಂಡದ್ದನ್ನು ನಾನು ನೋಡಿದೆ. ಅಷ್ಟರಲ್ಲಿ ಲಾರಿ ಹೊರಟಿತ್ತು.

ಗಣಿಯ ಬಾಯಿ ನಾನು ಎಣಿಸಿದಷ್ಟು ದೊಡ್ಡದಿರಲಿಲ್ಲ. ಬೋಳು ಗುಡ್ಡದ ಬುಡದಲ್ಲಿ ಒಂದು ಕಪ್ಪು ತೂತು, ಅದರೊಳಗೆ ಇಳಿಜಾರಾಗಿ ಹೋದ ಕಬ್ಬಿಣದ ಕಂಬಿಗಳು. ನಮ್ಮನ್ನು ಒಳಗೆ ಕರೆದುಕೊಂಡು ಹೋಗಲು ಒಬ್ಬ ಮೇಸ್ತ್ರಿ ಬಂದ. ನಮ್ಮ ಸೊಂಟದಲ್ಲಿ ಜೋತಾಡುತ್ತಿದ್ದ ಗಂಟುಗಳನ್ನು ನೋಡಿ, ಅದೇನೆಂದು ಕೇಳಿ ತಿಳಿದುಕೊಂಡು, ಅಲ್ಲಿದ್ದ ಕೂಲಿಗಳಿಗೆಲ್ಲ ಸಾರಿದ.

"ನೋಡ್ರಲಾ, ಮಲೆನಾಡ್ ಗೌಡ್ರು ಬಂದವ್ರೆ. ಊಟಕ್ಕೆ ಉಪ್ಪು ಅವರೇ ತಂದವ್ರೆ."

ಎಲ್ಲರೂ ನಕ್ಕರು. ಇಸ್ಮಾಯಿಲನೂ ನಕ್ಕ. ನನಗೆ ಮಾತ್ರ ಬಹಳ ಅವಮಾನವಾಯಿತು. ಗುಡ್ಡದ ಮರೆಗೆ ಹೋಗಿ ಗಂಟು ಬಿಚ್ಚಿ ಉಪ್ಪನ್ನು ಚೆಲ್ಲಿ, ಖಾಲಿ ಬಟ್ಟೆಯನ್ನು ಜೇಬಿಗೆ ತುರುಕಿಕೊಂಡು ಬಂದೆ.

ಮೇಷ್ಟ್ರು ದೀಪ ಹಿಡಿಯುವ ಕೆಲಸ ನನಗೆ ಕೊಟ್ಟರು. ದೀಪದ ಕೊಠಡಿಯಲ್ಲಿ ಮೇಸ್ತ್ರಿ ಒಂದು ಡಬ್ಬದಿಂದ ಬೂದುಬಣ್ಣದ ಹರಳುಗಳನ್ನು ತೆಗೆದು ದೀಪದ ಹೊಟ್ಟೆಗೆ ಹಾಕಿದ. ನೋಡಿದರೆ ತೇಟ್ ಕೊಳಕು ಕಲ್ಲುಪ್ಪು. ಮೇಲಿನಿಂದ ಒಂದೊಂದೇ ಹನಿ ನೀರು ಬಿದ್ದರೆ ಅದು ಗ್ಯಾಸ್ ಬಿಡುತ್ತದೆ, ಗ್ಯಾಸ್ ಉರಿಯುತ್ತದೆ. ಕೊಠಡಿಯ ತುಂಬ ಕೆಟ್ಟ ಬೆಳ್ಳುಳ್ಳಿಯ ವಾಸನೆ. ಉಳಿದ ಹುಡುಗರು ಹೊರಗೆ ಟ್ರಾಲಿ ನೋಡುತ್ತಿದ್ದರು. ಮೇಸ್ತ್ರಿ ನನಗೊಬ್ಬನಿಗೇ ಹೇಳಿದ: "ಗ್ಯಾಸ್ ಕಲ್ಲು ಕಣಪ್ಪ. ಹನಿ ನೀರು ಬಿದ್ರೆ ಕುದೀತದೆ. ಕೈಗೋ ಕಣ್ಗೋ ತಾಗ್ತು ಅಂದ್ರೆ ಉಜ್ಜಬಾರ್ದು. ಬಿಂದಿಗೆಗಟ್ಲೆ ನೀರು ಹುಯ್ಕಬೇಕು, ಹುಯ್ತಾನೇ ಇರ್ಬೇಕು."

ಒಳಗೆ ಇಳಿದೆವು. ಗೋಡೆ ಬೆವರುತ್ತಿತ್ತು, ತಲೆಯ ಮೇಲೆ ನೀರು ತೊಟ್ಟಿಕ್ಕುತ್ತಿತ್ತು. ಕರಿಕಲ್ಲಿನ ಪಟ್ಟಿಗಳು ದೀಪದ ಬೆಳಕಿಗೆ ಎಮ್ಮೆಯ ಮೈಯಂತೆ ಮಿರುಗುತ್ತಿದ್ದವು. ಸಿಡಿಮದ್ದಿನ ಘಾಟು ಮೂಗಿಗೆ ಹತ್ತಿ ಹುಡುಗರು ಸೀನಿದರು. ಕೊನೆಯಲ್ಲಿ ಮೇಸ್ತ್ರಿ ದೀಪ ಆರಿಸಿದ. ಅಂಥ ಕತ್ತಲೆಯನ್ನು ನಾನು ಮತ್ತೆಲ್ಲೂ ಕಂಡಿಲ್ಲ. ಇಸ್ಮಾಯಿಲ ನನ್ನ ತೋಳು ಹಿಡಿದುಕೊಂಡ. "ಕಣ್ಣು ಬುಟ್ಟೀವ್ನೋ ಮುಚ್ಚೀವ್ನೋ ಗೊತ್ತಾಗ್ತಿಲ್ಲ ಕಣೋ ಬಸ್ವ" ಎಂದು ಕಿವಿಯಲ್ಲಿ ಪಿಸುಗುಟ್ಟಿದ. ದೀಪ ಹತ್ತಿದಾಗ ಇಬ್ಬರೂ ನಾಚಿಕೆಯಿಂದ ನಕ್ಕೆವು.

ಮೇಲೆ ಬಂದು ದೀಪ ಹಿಂತಿರುಗಿಸಲು ಹೋದಾಗ ಕೊಠಡಿಯಲ್ಲಿ ಯಾರೂ ಇರಲಿಲ್ಲ. ಡಬ್ಬದ ಮುಚ್ಚಳ ತೆರೆದಿತ್ತು. ಒಂದು ಹಿಡಿ ಗ್ಯಾಸ್ ಕಲ್ಲು ತೆಗೆದು ಆ ಖಾಲಿ ಬಟ್ಟೆಯಲ್ಲಿ ಹಾಕಿ, ಅವ್ವ ಕಟ್ಟುವ ಹಾಗೆಯೇ ಗಂಟು ಕಟ್ಟಿ ಉಡಿದಾರಕ್ಕೆ ಸಿಕ್ಕಿಸಿ, ನೀರು ತಾಗದಂತೆ ಅಂಗಿಯೊಳಗೆ ಮುಚ್ಚಿಕೊಂಡೆ. ಶಾಲೆಯ ಶಾಯಿಕುಡಿಕೆಗೆ ಒಂದು ಹರಳು ಹಾಕಿ ಎಲ್ಲರ ಮುಂದೆ ಶಾಯಿ ಕುದಿಸಬೇಕು ಎಂಬುದು ನನ್ನ ಯೋಚನೆ.

ಆಲೂರಿನಲ್ಲಿ ಪೇಟೆಯ ಹುಡುಗರೊಂದಿಗೆ ಮೇಷ್ಟ್ರು ಇಳಿದರು. ಇಳಿಯುವ ಮೊದಲು, ಗಣಿಯಿಂದ ಯಾರೂ ಏನೂ ಎತ್ತಿಕೊಂಡು ಬಂದಿಲ್ಲ ತಾನೆ, ತಂದಿದ್ದರೆ ಶಾಲೆಯಿಂದಲೇ ಹೊರಗೆ ಎಂದರು. ಇಲ್ಲ ಸಾರ್ ಎಂದು ಎಲ್ಲರೂ ಕೂಗಿದೆವು. ನನ್ನ ದನಿಯೂ ಅದರಲ್ಲಿ ಸೇರಿತ್ತು.

ಪಾಳ್ಯ ಇನ್ನೂ ಸ್ವಲ್ಪ ದೂರವಿರುವಾಗ, ಹೊತ್ತು ಮುಳುಗುವ ಸಮಯಕ್ಕೆ ಲಾರಿಯ ಹಿಂದಿನ ಚಕ್ರ ಕೆಸರಿನಲ್ಲಿ ಹೂತುಕೊಂಡಿತು. ಜಿಟಿಜಿಟಿ ಮಳೆ. ಪಕ್ಕದಲ್ಲೇ ತೋಡು ತುಂಬಿ ಹರಿಯುತ್ತಿತ್ತು. ಸಾಬರು ಸ್ಟೇರಿಂಗ್ ಹಿಡಿದು ಕೂತರು, ನಾವೆಲ್ಲ ಇಳಿದು ತಳ್ಳಿದೆವು. ಹುಲ್ಲಿನ ತುಂಬ ಜಿಗಣೆ. ಚಿಕ್ಕ ಹುಡುಗರು ಅಳತೊಡಗಿದಾಗ ಇಸ್ಮಾಯಿಲ ತನ್ನ ಗಂಟನ್ನು ಬಿಚ್ಚಿ ಅವರಿಗೆ ಹಂಚಿಬಿಟ್ಟ. ಆಮೇಲೆ, ಮೇಲಿನ ಪೊದೆಯಿಂದ ಬಿದ್ದದ್ದೋ ಏನೋ, ಒಂದು ಜಿಗಣೆ ಅವನ ಎಡಗಣ್ಣಿನ ಹುಬ್ಬಿಗೇ ಕಚ್ಚಿಕೊಂಡಿತು.

"ಬಸ್ವ, ನಿಂದು ಕೊಡೋ" ಎಂದು ನನ್ನ ಹತ್ತಿರ ಬಂದ.

ಖಾಲಿಯಾಗಿದೆ ಎನ್ನಬಹುದಿತ್ತು. ಅಷ್ಟೇ ಸಾಕಾಗಿತ್ತು. ನಾನು ಏನೂ ಹೇಳಲಿಲ್ಲ. ಕಳ್ಳತನ ಬಯಲಾಗುತ್ತದೆ ಎಂಬ ಹೆದರಿಕೆ ಇತ್ತು, ಸುಳ್ಳಲ್ಲ. ಆದರೆ ಇಷ್ಟು ವರ್ಷ ನನ್ನೊಳಗೆ ನಾನೇ ಒಪ್ಪಿಕೊಳ್ಳದ ಇನ್ನೊಂದು ಮಾತಿದೆ. ಏನಾಗುತ್ತದೋ ನೋಡೋಣ ಎಂಬ ಆಸೆಯೂ ಇತ್ತು. ಶಾಯಿಕುಡಿಕೆಯಲ್ಲಿ ನೋಡಬೇಕೆಂದಿದ್ದದ್ದು ಇಲ್ಲೇ ನೋಡಲು ಸಿಗುತ್ತದೆ ಎಂದು ಮನಸ್ಸು ಒಂದು ಗಳಿಗೆ ಕುಣಿಯಿತು. ಅವನೇ ನನ್ನ ಅಂಗಿ ಸರಿಸಿ ಸೊಂಟದಿಂದ ಗಂಟು ಎಳೆದುಕೊಂಡ. ಚಕ್ರದ ಗುಂಡಿಯ ನೀರಿಗೆ ಅದ್ದಿ ಹುಬ್ಬಿಗೆ ಒತ್ತಿದ.

ಸುಂಯ್ ಎಂದಿತು. ಬಿಳಿಯ ನೊರೆ ಕಣ್ಣೊಳಗೆ ಇಳಿಯಿತು. ಅವನು ಕೂಗಿದ ಕೂಗಿಗೆ ಸಾಬರು ಎಂಜಿನ್ ಹಾಗೇ ಬಿಟ್ಟು ಓಡಿ ಬಂದರು. ಗಂಟು ಅವನ ಕೈಯಿಂದ ಗುಂಡಿಗೆ ಬಿದ್ದು ಬುಳುಬುಳು ಎನ್ನತೊಡಗಿತು. ನಾನು ಅದರ ಮೇಲೆ ಕಾಲಿಟ್ಟು ಕೆಸರಿನಲ್ಲಿ ತುಳಿದುಬಿಟ್ಟೆ. ಅಂಗಾಲಿನ ಕೆಳಗೆ ಅದು ಬಿಸಿಯಾಗಿ ಮಿಡುಕುತ್ತಿತ್ತು. ಲಾರಿಯ ಹೊಗೆಯಲ್ಲಿ ಬೆಳ್ಳುಳ್ಳಿಯ ವಾಸನೆ ಯಾರಿಗೂ ತಿಳಿಯಲಿಲ್ಲ.

ಜಿಗಣೆ ಕಣ್ಣೊಳಗೆ ಹೋಗ್ಬುಟ್ಟೈತೆ ಎಂದು ಯಾರೋ ಅಂದರು. ಸಾಬರು ತಮ್ಮ ತಲೆಯ ವಸ್ತ್ರ ಬಿಚ್ಚಿ ಅವನ ಕಣ್ಣಿಗೆ ಬಿಗಿಯಾಗಿ ಕಟ್ಟಿದರು. ತೋಡು ಅಲ್ಲೇ, ನಾಲ್ಕು ಮಾರು ದೂರದಲ್ಲಿ, ಬೇಕಾದಷ್ಟು ನೀರು ಹೊತ್ತು ಹರಿಯುತ್ತಿತ್ತು. ನೀರು ಹುಯ್ತಾನೇ ಇರ್ಬೇಕು ಎಂಬುದು ಅಲ್ಲಿದ್ದವರಲ್ಲಿ ನನಗೊಬ್ಬನಿಗೆ ಮಾತ್ರ ಗೊತ್ತಿತ್ತು. ನಾನು ಬಾಯಿ ಬಿಡಲಿಲ್ಲ. ಕಾಲನ್ನೂ ಎತ್ತಲಿಲ್ಲ.

ಹಾಸನದ ಡಾಕ್ಟರು ಕಣ್ಣಿಗೆ ಏನು ಬಿತ್ತು ಎಂದು ಪದೇ ಪದೇ ಕೇಳಿದರಂತೆ. ಉಪ್ಪು ಎಂದೇ ಎಲ್ಲರೂ ಹೇಳಿದರು. ಬರಿಯ ಉಪ್ಪಿಗೆ ಕಣ್ಣು ಹೀಗೆ ಸುಡುವುದಿಲ್ಲ ಎಂದು ಅವರು ತಲೆಯಾಡಿಸಿದರಂತೆ. ಆ ಕಣ್ಣು ಬೆಂದ ಮೊಟ್ಟೆಯ ಬಿಳಿಯಂತಾಗಿ ಹಾಗೇ ಉಳಿಯಿತು.

ಡಾಕ್ಟರಿಗೆ ಸಿಗದ ಕಾರಣ ಅವ್ವನಿಗೆ ಸಿಕ್ಕಿತು. ಸುದ್ದಿ ಕೇಳಿದ ದಿನ ಅವಳು ಉಪ್ಪಿನ ಕಲ್ಲಿನ ಮೇಲೆ ಕೂತು ತನ್ನ ಬಲಗೈಯನ್ನೇ ನೋಡಿಕೊಂಡಳು. "ಕೈಗೆ ಕೊಟ್ಬುಟ್ಟೆ ಕಣೋ. ತಾಯಿಲ್ಲದ ಮಗಿಗೆ ಕೈಗೆ ಉಪ್ಪು ಕೊಟ್ಬುಟ್ಟೆ." ಅಂದಿನಿಂದ ಪ್ರತಿ ಸೋಮವಾರ ಉಪ್ಪಿಲ್ಲದೆ ಉಣ್ಣತೊಡಗಿದಳು. ಸಪ್ಪೆ ಮುದ್ದೆ, ಸಪ್ಪೆ ಸೊಪ್ಪು. ಪಕ್ಕದಲ್ಲಿ ಕೂತು ನಾನು ಉಪ್ಪು ಹಾಕಿದ ಸಾರಿನಲ್ಲಿ ಉಣ್ಣುತ್ತಿದ್ದೆ. ಅವಳು ಹಾಗೆ ನಂಬಿರುವವರೆಗೆ ನನ್ನನ್ನು ಯಾರೂ ಕೇಳುವುದಿಲ್ಲ ಎಂಬುದು ನನಗೆ ತಿಳಿದಿತ್ತು. ಹುಡುಗನಾಗಿದ್ದಾಗ ತಿಳಿದದ್ದು ದೊಡ್ಡವನಾದ ಮೇಲೂ ಅನುಕೂಲವಾಗಿಯೇ ಇತ್ತು.

ಇಸ್ಮಾಯಿಲ ಶಾಲೆ ಬಿಟ್ಟ. ವಯಸ್ಸಾದ ಮೇಲೆ ಲೈಸೆನ್ಸಿಗೆ ಹೋದ. ಒಂದು ಕಣ್ಣಿನವನಿಗೆ ಕೊಡುವುದಿಲ್ಲ ಎಂದು ಕಳಿಸಿದರು. ಆನೇಮಹಲಿನಲ್ಲಿ ರಸ್ತೆ ಬದಿಗೆ ಪಂಕ್ಚರ್ ಅಂಗಡಿ ಹಾಕಿಕೊಂಡು, ಘಾಟಿ ಇಳಿಯುವ ಬೇರೆಯವರ ಲಾರಿಗಳಿಗೆ ಗಾಳಿ ತುಂಬುತ್ತಾ ಬದುಕಿದ. ಅವ್ವನನ್ನು ನೋಡಲು ಆಗಾಗ ಬರುತ್ತಿದ್ದ. ಅವಳು ಅವನ ಕೆನ್ನೆ ಸವರಿ ಅಳುತ್ತಿದ್ದಳು. "ಬುಡವ್ವ, ನನ್ ಹಣೇಲಿ ಬರೆದಿದ್ದು" ಎಂದು ಅವನೇ ಸಮಾಧಾನ ಮಾಡುತ್ತಿದ್ದ. ನಾನು ಕಾಫಿ ತರುತ್ತೇನೆಂದು ಒಳಗೆ ಹೋಗುತ್ತಿದ್ದೆ.

ಕೊನೆಯ ಕಾಯಿಲೆಯಲ್ಲಿ ಅವ್ವ ಸೋಮವಾರಗಳ ಲೆಕ್ಕ ಮರೆತಳು. ಎಲ್ಲ ದಿನವೂ ಸೋಮವಾರವೆಂದೇ ಭಾವಿಸಿ, ಗಂಜಿಗೆ ಉಪ್ಪು ಹಾಕಿದರೆ ಬಾಯಿ ಮುಚ್ಚಿಕೊಳ್ಳುತ್ತಿದ್ದಳು. ಆಗಲೂ ನಾನು ಹೇಳಲಿಲ್ಲ. ಈ ಸ್ಥಿತಿಯಲ್ಲಿ ಹೇಳಿ ಏನು ಪ್ರಯೋಜನ ಎಂದುಕೊಂಡೆ. ಸಪ್ಪೆ ಗಂಜಿ ಕುಡಿದೇ ಅವಳು ಹೋದಳು.

ಅವಳ ತಿಥಿಯಾದ ಮೇಲೆ ಒಂದು ದಿನ ಆನೇಮಹಲಿಗೆ ಹೋದೆ. ಇಸ್ಮಾಯಿಲ ಟ್ಯೂಬನ್ನು ನೀರಿನ ತೊಟ್ಟಿಯಲ್ಲಿ ಮುಳುಗಿಸಿ ಗುಳ್ಳೆ ಹುಡುಕುತ್ತಿದ್ದ. ಬೆಂಚಿನ ಮೇಲೆ ಕೂತು ಎಲ್ಲವನ್ನೂ ಹೇಳಿದೆ. ಗ್ಯಾಸ್ ಕಲ್ಲು, ಮೇಸ್ತ್ರಿಯ ಮಾತು, ತುಳಿದ ಕಾಲು, ಏನಾಗುತ್ತದೋ ನೋಡೋಣ ಎಂದ ಮನಸ್ಸು, ಯಾವುದನ್ನೂ ಬಿಡಲಿಲ್ಲ. ಅವನು ಟ್ಯೂಬಿನಿಂದ ಕೈ ತೆಗೆಯದೆ ಕೇಳಿದ. ಬಯ್ಯುತ್ತಾನೆಂದುಕೊಂಡಿದ್ದೆ. ಬುಡು ಮಾರಾಯ ಎನ್ನುತ್ತಾನೆಂಬ ದುರಾಸೆಯೂ ಇತ್ತು.

ಗುಳ್ಳೆ ಬಂದ ಕಡೆ ಬೆರಳೊತ್ತಿ, "ಅವ್ವಂಗೆ ಹೇಳಿದ್ಯಾ?" ಎಂದ.

"ಇಲ್ಲ."

"ಇಷ್ಟ್ ವರ್ಷ ಆ ತಾಯಿ ಸಪ್ಪೆ ಉಂಡ್ಳಲ್ಲೋ."

ಆಮೇಲೆ ಅವನು ಮತ್ತೆ ತೊಟ್ಟಿಯ ಕಡೆ ಬಗ್ಗಿದ. ತನ್ನ ಕಣ್ಣಿನ ಮಾತನ್ನೇ ಎತ್ತಲಿಲ್ಲ. ಯಾವಾಗಲೂ ಕೂಗಿ ಹೇಳುತ್ತಿದ್ದ ಚಹಾ ಅಂದು ಹೇಳಲಿಲ್ಲ. ನಾನು ಎದ್ದು ಬಂದೆ. ಈಗಲೂ ಬಸ್ಸು ಆನೇಮಹಲಿನಲ್ಲಿ ನಿಂತಾಗ ಕಿಟಕಿಯಿಂದ ನೋಡುತ್ತೇನೆ. ಅಂಗಡಿ ಅವನ ಮಗ ನೋಡಿಕೊಳ್ಳುತ್ತಾನೆ. ಇಸ್ಮಾಯಿಲ ಒಳಗೆ ಮಂಚದ ಮೇಲೆ ಗೋಡೆಯ ಕಡೆ ಮುಖ ಮಾಡಿ ಮಲಗಿರುತ್ತಾನೆ. 'ರೈಟ್, ರೈಟ್' ಎಂದು ಕಂಡಕ್ಟರು ಕೂಗುತ್ತಾನೆ, ಬಸ್ಸು ಹೊರಡುತ್ತದೆ.

ಜಗುಲಿಯ ಮೇಲಿನ ಉಪ್ಪಿನ ಮೂಟೆ ಈಗ ಎಲ್ಲೂ ಇಲ್ಲ. ಉಪ್ಪು ಪುಡಿಯಾಗಿ, ಪೊಟ್ಟಣವಾಗಿ ಅಂಗಡಿಯ ಒಳಗೆ ಸೇರಿದೆ. ಮನೆ ರಿಪೇರಿಯಲ್ಲಿ ಅವ್ವನ ಉಪ್ಪಿನ ಕಲ್ಲು ಎಲ್ಲಿ ಹೋಯಿತೋ ಗೊತ್ತಿಲ್ಲ. ಹೊಸ ಹುಡುಗರು ಪೊಟ್ಟಣವನ್ನು ನೇರ ಕೈಗೇ ಕೊಡುತ್ತಾರೆ, ಯಾರಿಗೂ ಏನೂ ಆಗುವುದಿಲ್ಲ. ಆಗುವುದಿಲ್ಲವೆಂದು ನನಗಿಂತ ಚೆನ್ನಾಗಿ ಬಲ್ಲವರು ಯಾರಿದ್ದಾರೆ? ಆದರೂ ಅಂಗಡಿಯ ಹುಡುಗ ಉಪ್ಪು ಚಾಚಿದರೆ ನನ್ನ ಕೈ ಮುಂದೆ ಹೋಗುವುದಿಲ್ಲ.

"ಕೆಳಗಿಡಪ್ಪ" ಎನ್ನುತ್ತೇನೆ.

ಹಳೇ ಕಾಲದ ತಾತ ಎಂದು ಅವನು ನಗುತ್ತಾ ನೆಲದ ಮೇಲಿಡುತ್ತಾನೆ. ನಾನು ಬಗ್ಗಿ ಎತ್ತಿಕೊಳ್ಳುತ್ತೇನೆ.