ಅಕ್ಕನ ಬಾಯಿಗೆ ಬೇರೆ ದನಿ

ಧಾರಾವಾಹಿ ಲೋಕದಲ್ಲಿ ನನ್ನನ್ನು ಎಲ್ಲರೂ ಮೆಚ್ಚುತ್ತಿದ್ದುದು ಒಂದೇ ಕಾರಣಕ್ಕೆ: ಏನು ಕೇಳಿದರೂ ಬರೆದುಕೊಡುತ್ತಿದ್ದೆ. ಅತ್ತೆ ಸೊಸೆಯರ ಜಗಳ, ಪುರಾಣ, ಪತ್ತೇದಾರಿ, ಹಾಸ್ಯ ಎಲ್ಲವೂ. ನಿರ್ದೇಶಕರು ಬಾರದ ದಿನ ನಾನೇ ನಿಂತು ಚಿತ್ರೀಕರಣ ಮುಗಿಸುತ್ತಿದ್ದೆ. ಹನ್ನೆರಡು ವರ್ಷ ಹೀಗೇ ಕಳೆದ ಮೇಲೆ ನಿರ್ಮಾಪಕರೊಬ್ಬರು ನನ್ನದೇ ಕಥೆಯನ್ನು ನಾನೇ ನಿರ್ದೇಶಿಸುವ ಸಿನಿಮಾಕ್ಕೆ ಒಪ್ಪಿದರು.

ಕಥೆ ನಮ್ಮ ಅಕ್ಕನದು. ಕೊಟ್ಟೂರಿನ ಹತ್ತಿರದ ನಮ್ಮೂರಲ್ಲಿ ಗಂಡ ತೀರಿಕೊಂಡಾಗ, ಮೈದುನರು ಕುರಿ ಮಾರಿಬಿಡು ಎಂದರೂ ಕೇಳದೆ ಹಿಂಡನ್ನು ತಾನೇ ಹೊಡೆದುಕೊಂಡು ಹೊರಟವಳು. ಆ ಪಾತ್ರಕ್ಕೆ ನೋಡಿದ ನಟಿಯರಿಗೆ ಮರಿ ಎತ್ತಿಕೊಳ್ಳಲೂ ಬರಲಿಲ್ಲ. ಕೊನೆಗೆ ಅಕ್ಕನನ್ನೇ ಕೇಳಿದೆ.

"ನಾನ್ಯಾಕೋ ತಮ್ಮಾ? ನನಗ ನಾಟಕ ಮಾಡಾಕ ಬರೂದಿಲ್ಲ."

"ನಾಟಕ ಬ್ಯಾಡ. ನೀ ದಿನಾ ಮಾಡೂದನ್ನ ಮಾಡು, ಸಾಕು."

ಕೋಗಳಿ ಕಡೆಯ ಹೊಲಗಳಲ್ಲಿ ಚಿತ್ರೀಕರಣ. ಒಂದು ಮಧ್ಯಾಹ್ನ ಕುರಿಯೊಂದು ನಿಜವಾಗಿಯೇ ಸತ್ತ ಮರಿ ಹಾಕಿತು. ಕ್ಯಾಮೆರಾ ನಿಲ್ಲಿಸಬೇಡಿ ಎಂದು ಸನ್ನೆ ಮಾಡಿದೆ. ಅಕ್ಕ ತಾಯಿಕುರಿಯ ಪಕ್ಕ ಕೂತು ಅದರ ಮುಖ ಸವರಿದಳು.

"ಅಳಬ್ಯಾಡವ್ವ. ನಂದೂ ಹಿಂಗ ಹೋತು. ಹೊಟ್ಟಿ ಬರಿದಾದ್ರೂ ಕಾಲು ನಡೀತಾವ."

ಅಕ್ಕನ ಕೂಸು ಹುಟ್ಟುತ್ತಲೇ ಸತ್ತದ್ದು ನನಗೆ ಗೊತ್ತಿತ್ತು. ಅದರ ಬಗ್ಗೆ ಆಕೆ ಬಾಯಿ ಬಿಟ್ಟದ್ದನ್ನು ಅವತ್ತೇ ಮೊದಲು ಕೇಳಿದ್ದು.

ನಿರ್ಮಾಪಕರು ಚಿತ್ರ ನೋಡಿ, "ಸೀನ್ ಚೆನ್ನಾಗಿದೆ. ಆದ್ರೆ ಈ ಭಾಷೆ ಯಾರಿಗ್ರೀ ಅರ್ಥ ಆಗತ್ತೆ? ಚಾನೆಲ್‌ನವರು ತಗೊಳ್ಳಲ್ಲ. ಡಬ್ ಮಾಡ್ಸಿ" ಎಂದರು. ಒಂದು ವಾರ ಜಗಳವಾಡಿ ಸೋತೆ. ಬೇರೆ ಯಾರೋ ಬರೆದು ಕೆಡಿಸುವುದಕ್ಕಿಂತ ನಾನೇ ಬರೆಯುವುದು ಮೇಲು ಎಂದು ಸಮಾಧಾನ ಹೇಳಿಕೊಂಡು, ಅಕ್ಕನ ತುಟಿಯ ಚಲನೆಗೆ ಬೆಂಗಳೂರಿನ ಮಾತು ಕೂಡಿಸಿದೆ. ಎರಡೇ ದಿನದ ಕೆಲಸ. ಎಲ್ಲಿಯೂ ತಪ್ಪದಂತೆ ಹೊಂದಿತು.

ಚಿತ್ರಮಂದಿರ ಸಿಗಲಿಲ್ಲ. ಒಂದು ಭಾನುವಾರ ಮಧ್ಯಾಹ್ನ ಟಿವಿಯಲ್ಲಿ ಬಂತು. ನಾನು ಊರಿಗೆ ಹೋಗಿದ್ದೆ. ಅಕ್ಕನ ಮನೆ ತುಂಬ ಓಣಿಯ ಹೆಂಗಸರು. ಮೊದಲು ಅಕ್ಕನನ್ನು ತೋರಿಸಿ ತೋರಿಸಿ ನಕ್ಕರು, ಅವಳು ಮಾತಾಡತೊಡಗಿದಾಗ ಮುಖ ಮುಖ ನೋಡಿಕೊಂಡರು. ಕುರಿಯ ದೃಶ್ಯ ಬಂದಾಗ ತೆಳುವಾದ, ಸಿಹಿಯಾದ ದನಿಯೊಂದು "ಅಳಬೇಡ ಕಣಮ್ಮ" ಎಂದಿತು.

ಅಕ್ಕ ನನ್ನ ಕಡೆ ಬಾಗಿದಳು. "ಇದು ಯಾರ ದನಿಯೋ ತಮ್ಮಾ?"

"ಡಬ್ಬಿಂಗ್ ಮಾಡಾಕಿ ಒಬ್ಬಾಕಿದು."

"ನನ್ನ ದನಿ ಚಲೋ ಇರಲಿಲ್ಲೇನು?"

"ಚಲೋ ಇತ್ತಕ್ಕ."

"ಮತ್ತ?"

ಕುರಿಗಳಿಗೆ ನೀರಿಡಬೇಕೆಂದು ಅಕ್ಕ ಎದ್ದುಹೋದಳು. ಸಿನಿಮಾ ಇನ್ನೂ ಅರ್ಧ ಗಂಟೆ ಉಳಿದಿತ್ತು. ಮುಗಿಯುವವರೆಗೂ ಅವಳು ಒಳಗೆ ಬರಲಿಲ್ಲ.

ಬೆಂಗಳೂರಿಗೆ ಬಂದವನೇ ಅವಳ ಮೂಲ ದನಿಯನ್ನು ಹುಡುಕಿಕೊಂಡು ಸ್ಟುಡಿಯೋಕ್ಕೆ ಹೋದೆ. ಆ ಡಿಸ್ಕ್ ಅಳಿಸಿ ಬೇರೆ ಕೆಲಸಕ್ಕೆ ಬಳಸಿಯಾಗಿತ್ತು.

ಮರುವರ್ಷ ಹಾಸ್ಯ ಧಾರಾವಾಹಿಯೊಂದಕ್ಕೆ ಕರೆ ಬಂತು. ಅದರಲ್ಲೊಬ್ಬ ಪೆದ್ದ ಆಳು. "ನಿಮ್ಮ ಕಡೆ ಭಾಷೆ ಹಾಕಿ ಸರ್, ಜನ ನಗ್ತಾರೆ" ಎಂದರು. ಹಾಕಿದೆ. ಜನ ನಕ್ಕರು, ಈಗಲೂ ನಗುತ್ತಿದ್ದಾರೆ. ಫೋನ್ ಮಾಡಿದಾಗ ಅಕ್ಕ ಊಟದ ಬಗ್ಗೆ ಕೇಳುತ್ತಾಳೆ, ಮಳೆಯ ಬಗ್ಗೆ ಹೇಳುತ್ತಾಳೆ. ನನ್ನ ಕೆಲಸದ ಬಗ್ಗೆ ಮಾತ್ರ ಏನೂ ಕೇಳುವುದಿಲ್ಲ.